ಫೋನು ಕೂಗ್ತಿಲ್ಲ ಅಂತ ಅಂಗಡಿಗೆ ಬರೋ ಮುಂಚೆ

ಗಂಗಾವತಿಯಲ್ಲಿ ನನ್ನದೊಂದು ಮೊಬೈಲ್ ರಿಪೇರಿ ಅಂಗಡಿ ಇದೆ. ಚಿಕ್ಕದು, ಇಬ್ಬರು ಒಳಗೆ ನಿಂತರೆ ಮೂರನೆಯವರು ರಸ್ತೆಯಲ್ಲೇ ನಿಲ್ಲಬೇಕು. ಡಿಸ್‌ಪ್ಲೇ ಒಡೆದದ್ದು, ಚಾರ್ಜಿಂಗ್ ಪಿನ್ ಸಡಿಲವಾದದ್ದು, ನೀರಿಗೆ ಬಿದ್ದದ್ದು ದಿನಾ ಬರುತ್ತವೆ. ಅವುಗಳ ಜೊತೆ ಇನ್ನೊಂದು ಕಂಪ್ಲೇಂಟು ತಪ್ಪದೆ ಬರುತ್ತದೆ. "ಅಣ್ಣಾ, ಫೋನು ಕೂಗೋದೇ ಬಿಟ್ಟೈತ್ರಿ. ಸ್ಪೀಕರ್ ಹೋಗೈತೇನು ನೋಡ್ರಿ."

ನೋಡುತ್ತೇನೆ. ಹೆಚ್ಚಿನ ಸಲ ಸ್ಪೀಕರ್‌ಗೆ ಏನೂ ಆಗಿರುವುದಿಲ್ಲ. ಯಾವುದೋ ಒಂದು ಸೆಟ್ಟಿಂಗ್ ಸೈಲೆಂಟ್ ಆಗಿರುತ್ತದೆ. ಗ್ರೂಪುಗಳ ಗುಡ್ ಮಾರ್ನಿಂಗ್ ಕಾಟ ತಡೆಯದೆ ಅವರೇ ಏನೋ ಒತ್ತಿರುತ್ತಾರೆ, ಇಲ್ಲಾ ಮನೆಯ ಹುಡುಗರು ಒತ್ತಿರುತ್ತಾರೆ, ಇಲ್ಲಾ ಜೇಬಿನಲ್ಲಿ ಬಟನ್ ಒತ್ತಿಕೊಂಡು ತಾನಾಗೇ ಆಗಿರುತ್ತದೆ. ಎರಡು ನಿಮಿಷದ ಕೆಲಸ. ಇದಕ್ಕೆ ದುಡ್ಡು ಕೇಳೋಕೆ ನನಗೇ ನಾಚಿಕೆ, ಕೊಡದೆ ಹೋಗೋಕೆ ಅವರಿಗೆ ನಾಚಿಕೆ. ಅದಕ್ಕೇ ನಾನು ಹುಡುಕುವ ರೀತಿಯನ್ನು ಇಲ್ಲಿ ಬರೆದಿಡುತ್ತಿದ್ದೇನೆ.

ಗೊಂದಲ ಯಾಕೆ ಆಗುತ್ತದೆ ಅಂದರೆ, ಸೈಲೆಂಟ್ ಅನ್ನೋದು ಫೋನಿನಲ್ಲಿ ಒಂದೇ ಕಡೆ ಇಲ್ಲ. ನಮ್ಮ ಕಡೆಯವರಿಗೆ ಇದನ್ನು ಕಾಲುವೆ ಲೆಕ್ಕದಲ್ಲಿ ಹೇಳಿದರೆ ಬೇಗ ಅರ್ಥವಾಗುತ್ತದೆ. ಹೊಲಕ್ಕೆ ನೀರು ಬರಲಿಲ್ಲ ಅಂದರೆ ಡ್ಯಾಮ್ ಖಾಲಿ ಆಗಿದೆ ಅಂತ ಯಾರೂ ಅನ್ನುವುದಿಲ್ಲ, ಅಲ್ವಾ? ಎಡದಂಡೆ ಕಾಲುವೆಯಲ್ಲಿ ನೀರಿದೆಯಾ, ಉಪಕಾಲುವೆಗೆ ಬಿಟ್ಟಿದ್ದಾರಾ, ನಮ್ಮ ತೂಬು ತೆರೆದಿದೆಯಾ, ನಡುವೆ ಯಾರಾದರೂ ಕಲ್ಲು ಇಟ್ಟಿದ್ದಾರಾ ಅಂತ ಮೇಲಿಂದ ಕೆಳಗೆ ನೋಡುತ್ತಾ ಬರುತ್ತೇವೆ. ಫೋನೂ ಹಾಗೇ. ಮೇಲೆ ವಾಲ್ಯೂಮ್, ಅದರ ಕೆಳಗೆ ಡು ನಾಟ್ ಡಿಸ್ಟರ್ಬ್ (ಕರೆ, ಮೆಸೇಜು ಎಲ್ಲದರ ಸದ್ದನ್ನೂ ಒಟ್ಟಿಗೆ ತಡೆಯುವ ಸೆಟ್ಟಿಂಗ್), ಅದರ ಕೆಳಗೆ ಒಂದೊಂದು ಆಪ್‌ಗೆ ಫೋನು ಇಟ್ಟಿರುವ ತೂಬು, ಕೊನೆಗೆ ಆಪ್‌ನ ಒಳಗಿನ ಮ್ಯೂಟ್. ಇವುಗಳಲ್ಲಿ ಒಂದು ಮುಚ್ಚಿದ್ದರೂ ಸದ್ದು ಹೊರಗೆ ಬರುವುದಿಲ್ಲ. ಮೂರು ತೆರೆದು ನೋಡಿ "ಎಲ್ಲಾ ಸರಿ ಇದೆ" ಅಂತ ಕೈ ಬಿಡುವವರೇ ಜಾಸ್ತಿ.

ಮೊದಲು ಇನ್ನೊಂದು ಫೋನ್ ತೊಗೊಳ್ಳಿ

ಸೆಟ್ಟಿಂಗ್ ತೆರೆಯಬೇಡಿ, ಇನ್ನೂ ಬೇಡ. ಮನೆಯವರ ಫೋನಿನಿಂದ ನಿಮ್ಮ ಫೋನಿಗೆ ಮಾಮೂಲಿ ಕರೆ ಮಾಡಿ. ಆಮೇಲೆ ವಾಟ್ಸಾಪ್‌ನಲ್ಲಿ ಒಂದು ಮೆಸೇಜ್ ಕಳಿಸಿ. ಆಮೇಲೆ ಯಾವುದಾದರೂ ಗ್ರೂಪಿನಲ್ಲಿ ಒಂದು ಮೆಸೇಜ್ ಹಾಕಿಸಿ. ಪ್ರತಿ ಸಲ ಫೋನನ್ನು ಮೇಜಿನ ಮೇಲೆ ಲಾಕ್ ಮಾಡಿ ಇಟ್ಟು ಸುಮ್ನೆ ನೋಡಿ: ಸದ್ದು ಬಂತಾ, ನಡುಗಿತಾ, ಸ್ಕ್ರೀನ್ ಬೆಳಗಿತಾ, ಇಲ್ಲಾ ಏನೂ ಆಗಲಿಲ್ಲವಾ?

ಉತ್ತರದಲ್ಲೇ ಅರ್ಧ ಕೆಲಸ ಮುಗಿಯುತ್ತದೆ. ಎಲ್ಲದಕ್ಕೂ ಸದ್ದಿಲ್ಲ, ಆದರೆ ಸ್ಕ್ರೀನ್ ಬೆಳಗುತ್ತದೆ ಅಂದರೆ ವಾಲ್ಯೂಮ್ ನೋಡಿ. ಕರೆಗೂ ಮೆಸೇಜಿಗೂ ಏನೂ ಆಗಲಿಲ್ಲ, ಸ್ಕ್ರೀನೂ ಕಪ್ಪಗೇ ಇತ್ತು ಅಂದರೆ ಡು ನಾಟ್ ಡಿಸ್ಟರ್ಬ್ ಮೇಲೆ ಅನುಮಾನ ಇಡಿ. ಕರೆ ಸರಿ ಇದೆ, ಒಂದು ಆಪ್ ಮಾತ್ರ ಸುಮ್ಮನಿದೆ ಅಂದರೆ ಆ ಆಪ್‌ನ ತೂಬು. ಮೆಸೇಜ್ ಬಂದಿದೆ, ಆದರೆ ಫೋನಿನ ಲಾಕ್ ತೆಗೆದ ಮೇಲೆ ಬಂತು ಅಂದರೆ ಅದು ಸೈಲೆಂಟ್ ಸಮಸ್ಯೆಯೇ ಅಲ್ಲ, ಬ್ಯಾಟರಿ ಕಡೆ ಹೋಗಬೇಕು.

ಒಂದು ಸಾಕ್ಷಿ ಬೇಕಿದ್ದರೆ, ಆಂಡ್ರಾಯ್ಡ್ 11 ರಿಂದ ಈಚೆಗೆ, ಅಂದರೆ 2020ರ ನಂತರದ ಆವೃತ್ತಿಗಳಲ್ಲಿ, ನೋಟಿಫಿಕೇಶನ್ ಹಿಸ್ಟರಿ ಅಂತ ಒಂದು ಇದೆ. ಸೆಟ್ಟಿಂಗ್ಸ್‌ನ ನೋಟಿಫಿಕೇಶನ್ ಭಾಗದಲ್ಲಿ ಸಿಗುತ್ತದೆ. ಅದನ್ನು ಮೊದಲೇ ಆನ್ ಮಾಡಿಟ್ಟಿರಬೇಕು, ಆನ್ ಮಾಡಿದ ಮೇಲೆ ಬಂದದ್ದು ಮಾತ್ರ ಅದರಲ್ಲಿ ಕಾಣುತ್ತದೆ, ಅದೂ ಹಿಂದಿನ 24 ಗಂಟೆಯದ್ದು. ಇವತ್ತೇ ಆನ್ ಮಾಡಿಡಿ. "ಮೆಸೇಜ್ ಬಂದೇ ಇಲ್ಲ" ಅನ್ನೋ ಜಗಳ ಬಂದಾಗ ಬಂತೋ ಇಲ್ಲವೋ, ಎಷ್ಟು ಗಂಟೆಗೆ ಬಂತು ಅಂತ ಅದೇ ಹೇಳುತ್ತದೆ.

ಪಕ್ಕದ ಬಟನ್ ಮಾಡುವ ಮೋಸ

ಜನ ಬಂದು ಪಕ್ಕದ ಬಟನ್ ಒತ್ತಿ ತೋರಿಸುತ್ತಾರೆ, "ನೋಡ್ರಿ, ಸೌಂಡ್ ಫುಲ್ ಐತಿ." ನಿಜ, ಫುಲ್ ಇದೆ. ಆದರೆ ಅದು ಹಾಡಿನ ಸೌಂಡು. 2018ರ ಆಂಡ್ರಾಯ್ಡ್ 9 ರಿಂದ ಪಕ್ಕದ ಬಟನ್ ಒತ್ತಿದರೆ ಮೊದಲು ಬದಲಾಗುವುದು ಹಾಡು-ವಿಡಿಯೋ ಸೌಂಡೇ. ರಿಂಗ್‌ಗೆ ಬೇರೆ ಪಟ್ಟಿ ಇದೆ, ಅಲಾರಂಗೆ ಬೇರೆ, ಕೆಲವು ಫೋನಿನಲ್ಲಿ ನೋಟಿಫಿಕೇಶನ್‌ಗೂ ಬೇರೆ. ಬಟನ್ ಒತ್ತಿದಾಗ ಸ್ಕ್ರೀನ್ ಮೇಲೆ ಬರುವ ಪಟ್ಟಿಯ ಕೆಳಗಿನ ಗುರುತನ್ನು ಮುಟ್ಟಿದರೆ ಎಲ್ಲಾ ಪಟ್ಟಿ ಬಿಚ್ಚಿಕೊಳ್ಳುತ್ತವೆ. ರಿಂಗ್ ಪಟ್ಟಿ ಸೊನ್ನೆಯಲ್ಲಿ ಬಿದ್ದಿರುತ್ತದೆ.

ಇನ್ನೊಂದು ತಮಾಷೆ ಇದೆ. ಕೆಲವು ಫೋನಿನಲ್ಲಿ ಪವರ್ ಬಟನ್ನೂ ವಾಲ್ಯೂಮ್ ಜಾಸ್ತಿ ಮಾಡುವ ಬಟನ್ನೂ ಒಟ್ಟಿಗೆ ಒತ್ತಿದರೆ ರಿಂಗ್ ನಿಂತು ವೈಬ್ರೇಟ್‌ಗೆ ಹೋಗುತ್ತದೆ. ಟೈಟ್ ಪ್ಯಾಂಟಿನ ಜೇಬಿನಿಂದ ಫೋನು ಎಳೆಯುವಾಗ ಬೆರಳು ಎಲ್ಲಿ ಬೀಳುತ್ತದೆ ನೋಡಿಕೊಳ್ಳಿ. ಈ ಶಾರ್ಟ್‌ಕಟ್ ಸೆಟ್ಟಿಂಗ್ಸ್‌ನ ಜೆಶ್ಚರ್ ಭಾಗದಲ್ಲಿ ಇರುತ್ತದೆ, ಆಫ್ ಮಾಡಬಹುದು.

ಬ್ಲೌಸ್ ಹೊಲಿಯುವ ಒಬ್ಬ ಅಕ್ಕಾರು ಮೂರು ಸಲ ಬಂದಿದ್ದರು. ಅಂಗಡಿಯಲ್ಲಿ ಕರೆ ಮಾಡಿದರೆ ಫೋನು ಚೆನ್ನಾಗಿ ಕೂಗುತ್ತಿತ್ತು, ಮನೆಗೆ ಹೋದರೆ ಇಲ್ಲ. ನೆಟ್‌ವರ್ಕ್ ಅಂದೆ, ಸಿಮ್ ಅಂದೆ, ಎಲ್ಲಾ ಸುಳ್ಳಾಯಿತು. ಮೂರನೇ ಸಲ "ಫೋನ್ ಎಲ್ಲಿ ಇಡ್ತೀರಿ ಅಕ್ಕಾ?" ಅಂತ ಕೇಳಿದೆ. ಮಷೀನ್ ಪಕ್ಕ, ನೂಲು ಬೀಳಬಾರದು ಅಂತ ಮಗುಚಿ ಇಡುತ್ತಾರಂತೆ. ಅವರ ಫೋನಿನಲ್ಲಿ ಮಗುಚಿ ಇಟ್ಟರೆ ಸೈಲೆಂಟ್ ಆಗುವ ಸೌಲಭ್ಯ ಆನ್ ಇತ್ತು. ಈ ಪ್ರಶ್ನೆ ಮೊದಲ ದಿನವೇ ಕೇಳಬೇಕಿತ್ತು ನಾನು.

ನನ್ನ ಫೋನೇ ಕೈ ಕೊಟ್ಟ ರಾತ್ರಿ

ಊರಿಗೆಲ್ಲಾ ಬುದ್ಧಿ ಹೇಳುವವನ ಫೋನಿನ ಕಥೆಯನ್ನೂ ಹೇಳಿಬಿಡುತ್ತೇನೆ. 2024ರ ಆಗಸ್ಟ್ 10, ಶನಿವಾರ ರಾತ್ರಿ. ತುಂಗಭದ್ರಾ ಡ್ಯಾಮಿನ 33 ಗೇಟುಗಳಲ್ಲಿ 19ನೇ ಗೇಟಿನ ಚೈನು ತುಂಡಾಗಿ ಗೇಟೇ ಕೊಚ್ಚಿಕೊಂಡು ಹೋಯಿತು. ನಮ್ಮ ಸೋದರಮಾವನದು ಆನೆಗೊಂದಿ ಕಡೆ ಹೊಳೆ ದಂಡೆಯಲ್ಲಿ ಬಾಳೆ ತೋಟ. ಹೊಳೆಗೆ ಮೋಟರ್ ಇಟ್ಟಿದ್ದರು. ನೀರು ಜಾಸ್ತಿ ಬರುತ್ತದೆ ಅಂತ ಸುದ್ದಿ ಸಿಕ್ಕ ಕೂಡಲೇ ಮೋಟರ್ ಎತ್ತಿಸಲು ನನ್ನ ಗಾಡಿ ಬೇಕು ಅಂತ ಫೋನ್ ಮಾಡಿದರು. ನಾನು ಗೊರಕೆ ಹೊಡೆಯುತ್ತಿದ್ದೆ. ಬೆಳಗ್ಗೆ ಎದ್ದು ನೋಡಿದರೆ ಅವರ ಕರೆಗಳು, ಅಕ್ಕನ ಕರೆಗಳು, ಗ್ರೂಪುಗಳಲ್ಲಿ ನೂರಾರು ಮೆಸೇಜು. ಮೋಟರನ್ನು ಪಕ್ಕದ ತೋಟದವರು ಟ್ರ್ಯಾಕ್ಟರ್ ತಂದು ಎತ್ತಿಸಿದ್ದರು. ಮಾವ ಬೈಯಲಿಲ್ಲ. "ಇರ್ಲಿ ಬಿಡಪ್ಪ, ಮಲಗಿದ್ದಿ" ಅಂದರು. ಬೈದಿದ್ದರೇ ಚೆನ್ನಾಗಿತ್ತು.

ನನ್ನ ಫೋನಿನಲ್ಲಿ ರಾತ್ರಿ 11ರಿಂದ ಬೆಳಗ್ಗೆ 6ರವರೆಗೆ ಡು ನಾಟ್ ಡಿಸ್ಟರ್ಬ್ ತಾನಾಗೇ ಆನ್ ಆಗುವ ಹಾಗೆ ಇಟ್ಟಿದ್ದೆ. ಹೋಲ್‌ಸೇಲ್ ಗ್ರೂಪಿನವರು ನಡುರಾತ್ರಿ ಕವರ್-ಚಾರ್ಜರ್ ರೇಟ್ ಹಾಕುತ್ತಿದ್ದರು, ಅದರ ಕಾಟಕ್ಕೆ. ಆದರೆ ಫೋನಿನಲ್ಲಿ ಸೇವ್ ಮಾಡಿದ ಮನೆಯವರ ಹೆಸರಿಗೆಲ್ಲಾ ಸ್ಟಾರ್ ಗುರುತು ಹಾಕಿದ್ದೆ, ಸ್ಟಾರ್ ಇದ್ದವರ ಕರೆ ಬರಲಿ ಅಂತಲೂ ಇಟ್ಟಿದ್ದೆ. ಒಬ್ಬರೇ ಎರಡು ಸಲ ಮಾಡಿದರೆ ಕರೆ ಒಳಗೆ ಬಿಡುವ ರಿಪೀಟ್ ಕಾಲರ್ಸ್ ಕೂಡ ಆನ್ ಇತ್ತು. ಹಾಗಾದರೆ ಯಾಕೆ ಕೂಗಲಿಲ್ಲ?

ಕರೆಗಳ ಪಟ್ಟಿ ತೆಗೆದು ಸಮಯ ಬರೆದುಕೊಂಡೆ. ಮಾವನ ನಂಬರಿನಿಂದ 12:05ಕ್ಕೆ ಒಂದು, 12:27ಕ್ಕೆ ಒಂದು. ಆಮೇಲೆ ಅವರ ಮಗನ ನಂಬರಿನಿಂದ 12:31ಕ್ಕೆ. ಅಲ್ಲಿ ಸಿಕ್ಕಿತು. ಆಂಡ್ರಾಯ್ಡ್‌ನಲ್ಲಿ ರಿಪೀಟ್ ಕಾಲರ್ಸ್ ಕೆಲಸ ಮಾಡಬೇಕಾದರೆ ಅದೇ ವ್ಯಕ್ತಿಯ ಎರಡನೇ ಕರೆ 15 ನಿಮಿಷದ ಒಳಗೆ ಬರಬೇಕು. ಮಾವ 22 ನಿಮಿಷ ಕಾದಿದ್ದರು, ಪಾಪ, ಮಲಗಿದವನನ್ನು ಪದೇ ಪದೇ ಎಬ್ಬಿಸಬಾರದು ಅಂತ. ಮೂರನೇ ಕರೆ ಬೇರೆ ನಂಬರ್, ಅದು ಹೊಸ ಲೆಕ್ಕ. ಇನ್ನು ಸ್ಟಾರ್? ಅದು ಮಾವನ ಹಳೆಯ ಸಿಮ್ಮಿನ ಹೆಸರಿಗೆ ಇತ್ತು. ಹೊಸ ಸಿಮ್ ತೊಗೊಂಡಾಗ "ಮಾವ ಹೊಸ ನಂಬರ್" ಅಂತ ಬೇರೆಯಾಗಿ ಸೇವ್ ಮಾಡಿದ್ದೆ. ಅದಕ್ಕೆ ಸ್ಟಾರ್ ಇಲ್ಲ. ನಮ್ಮಲ್ಲಿ ಎಷ್ಟು ಜನರ ಫೋನಿನಲ್ಲಿ ಹೀಗೆ ಒಬ್ಬರದೇ ಮೂರು ಹೆಸರು ಇವೆ, ಲೆಕ್ಕ ಹಾಕಿ.

ಸರಿ ಮಾಡಿದ್ದು ಇಷ್ಟೇ. ಮಾವನ ಎಲ್ಲಾ ನಂಬರುಗಳನ್ನೂ ಒಂದೇ ಹೆಸರಿನ ಒಳಗೆ ಹಾಕಿ ಆ ಹೆಸರಿಗೆ ಸ್ಟಾರ್ ಕೊಟ್ಟೆ. ಅವರ ಮಗನಿಗೂ ಸ್ಟಾರ್. ಮನೆಯವರಿಗೆಲ್ಲಾ ಒಂದು ಮಾತು ಹೇಳಿದೆ: ತುರ್ತು ಇದ್ದರೆ ಕಾಯಬೇಡಿ, ಅದೇ ಫೋನಿನಿಂದ ಕೂಡಲೇ ಇನ್ನೊಂದು ಸಲ ಮಾಡಿ. ಐಫೋನ್ ಇರುವವರು ಇನ್ನೂ ಅವಸರ ಮಾಡಬೇಕು, ಅಲ್ಲಿ ಎರಡನೇ ಕರೆ 3 ನಿಮಿಷದ ಒಳಗೆ ಬರಬೇಕು.

ಡು ನಾಟ್ ಡಿಸ್ಟರ್ಬ್ ಆನ್ ಇದೆಯಾ ಅಂತ ತಿಳಿಯಲು ಮೇಲಿನ ಪಟ್ಟಿಯಲ್ಲಿ ಅಡ್ಡಗೆರೆ ಇರುವ ದುಂಡನೆಯ ಗುರುತೋ, ಅರ್ಧಚಂದ್ರನೋ ನೋಡಿ. ನೀವು ಆನ್ ಮಾಡಿಲ್ಲ, ಆದರೂ ಆನ್ ಆಗುತ್ತಿದೆ ಅಂದರೆ ಒಳಗೆ ಯಾವುದೋ ವೇಳಾಪಟ್ಟಿ ಇದೆ: ಮಲಗುವ ಹೊತ್ತಿನದು, ಗಾಡಿ ಓಡಿಸುವಾಗಿನದು, ಕ್ಯಾಲೆಂಡರ್‌ದು. ರಾತ್ರಿ ಪಾಳಿ ಕೆಲಸದವರಿಗೆ ಇದು ತಲೆನೋವು. ರಾಯಚೂರಿನ ಶಕ್ತಿನಗರದಲ್ಲಿ ಕೆಲಸ ಮಾಡುವ ನನ್ನ ಗೆಳೆಯ ಹಗಲು ಮಲಗುತ್ತಾನೆ, ರಾತ್ರಿ ಎಚ್ಚರ ಇರುತ್ತಾನೆ, ಅವನ ಫೋನು ಮಾತ್ರ ಎಲ್ಲರ ಹಾಗೆ ರಾತ್ರಿ ಮಲಗುತ್ತಿತ್ತು. ಅವನಿಗೆ ವೇಳಾಪಟ್ಟಿಯೇ ಬೇಡ ಅಂತ ತೆಗೆಸಿದೆ. ಪಾಳಿ ಮುಗಿಸಿ ಮನೆಗೆ ಬಂದಾಗ ಕೈಯಿಂದಲೇ ಎಂಟು ತಾಸಿನ ಮಟ್ಟಿಗೆ ಅಂತ ಆನ್ ಮಾಡುತ್ತಾನೆ, ಹೊತ್ತು ಮುಗಿದ ಮೇಲೆ ಅದೇ ಆಫ್ ಆಗುತ್ತದೆ.

ಒಂದೇ ಆಪ್ ಸುಮ್ಮನಿದ್ದರೆ

ಒಂದು ರೈಸ್ ಮಿಲ್ಲಿನ ಗುಮಾಸ್ತರು ಬಂದರು. ವಾಟ್ಸಾಪ್‌ನಲ್ಲಿ ಒಬ್ಬೊಬ್ಬರ ಮೆಸೇಜಿಗೆ ಸದ್ದು ಬರುತ್ತದೆ, ಲೋಡಿಂಗ್ ಗ್ರೂಪಿನದಕ್ಕೆ ಬರುವುದಿಲ್ಲ. ಲಾರಿ ಬಂದು ಗೇಟಿನಲ್ಲಿ ನಿಂತರೂ ಇವರಿಗೆ ಗೊತ್ತಾಗುವುದಿಲ್ಲ, ಮಾಲೀಕರಿಂದ ಬೈಗುಳ. ಗ್ರೂಪ್ ಮ್ಯೂಟ್ ಆಗಿದೆಯಾ ನೋಡಿದೆ, ಇಲ್ಲ.

2017ರ ಆಂಡ್ರಾಯ್ಡ್ 8 ರಿಂದ ಒಂದೊಂದು ಆಪ್‌ನ ನೋಟಿಫಿಕೇಶನ್‌ಗಳನ್ನು ಜಾತಿ ಮಾಡಿ ಇಟ್ಟಿದ್ದಾರೆ. ವಾಟ್ಸಾಪ್ ಅಂದರೆ ಒಂದೇ ತೂಬು ಅಲ್ಲ. ಒಬ್ಬೊಬ್ಬರ ಮೆಸೇಜಿಗೆ ಒಂದು, ಗ್ರೂಪಿಗೆ ಒಂದು, ಕರೆಗೆ ಒಂದು, ಹೀಗೆ. ಬಂದ ನೋಟಿಫಿಕೇಶನ್ ಮೇಲೆ ಬೆರಳು ಒತ್ತಿ ಹಿಡಿದರೆ ಸೈಲೆಂಟ್ ಅನ್ನೋ ಆಯ್ಕೆ ಬರುತ್ತದೆ. ಅದನ್ನು ಮುಟ್ಟಿದರೆ ಆ ಒಂದು ಮೆಸೇಜ್ ಅಲ್ಲ, ಆ ಇಡೀ ಜಾತಿಯೇ ಸುಮ್ಮನಾಗಬಹುದು. ಗುಮಾಸ್ತರದು ಹಾಗೇ ಆಗಿತ್ತು. ಯಾವುದೋ ಹುಟ್ಟುಹಬ್ಬದ ಗ್ರೂಪಿನ ಕಾಟಕ್ಕೆ ಒತ್ತಿ ಹಿಡಿದು ಸೈಲೆಂಟ್ ಮಾಡಿದ್ದರು, ಎಲ್ಲಾ ಗ್ರೂಪುಗಳೂ ಅದರ ಜೊತೆ ಮಲಗಿದ್ದವು.

ತೆರೆಯುವುದು ಹೀಗೆ. ಸೆಟ್ಟಿಂಗ್ಸ್, ಆಪ್ಸ್, ವಾಟ್ಸಾಪ್, ನೋಟಿಫಿಕೇಶನ್ಸ್. ಅಲ್ಲಿ ಕಾಣುವ ಪ್ರತಿ ಸಾಲನ್ನೂ ಒಂದೊಂದಾಗಿ ಮುಟ್ಟಿ ನೋಡಿ, ಆನ್ ಇದ್ದರೆ ಸಾಲದು, ಒಳಗೆ ಸೈಲೆಂಟ್ ಇದೆಯಾ, ಸೌಂಡ್ ಜಾಗದಲ್ಲಿ None (ಯಾವುದೂ ಇಲ್ಲ) ಅಂತ ಇದೆಯಾ ಅಂತಲೂ ನೋಡಬೇಕು. ಒಂದು ಸಲ ನೀವು ಇಲ್ಲಿ ಸೈಲೆಂಟ್ ಮಾಡಿದರೆ ಆಪ್ ತಾನಾಗೇ ಅದನ್ನು ಬದಲಿಸಲಾರದು, ನೀವೇ ಬಂದು ತೆಗೆಯಬೇಕು. ಇದು ಒಳ್ಳೆಯದೇ ಅಂತ ನನ್ನ ಅನಿಸಿಕೆ. ಇಲ್ಲದಿದ್ದರೆ ಶಾಪಿಂಗ್ ಆಪುಗಳು ನಮ್ಮನ್ನು ಬದುಕಲು ಬಿಡುತ್ತಿರಲಿಲ್ಲ.

ಹೊಸ ಫೋನು ತೊಗೊಂಡವರದು ಬೇರೆ ಕಥೆ. 2022ರ ಆಂಡ್ರಾಯ್ಡ್ 13 ರಿಂದ ಹೊಸದಾಗಿ ಹಾಕಿದ ಆಪ್ ನೋಟಿಫಿಕೇಶನ್ ಕಳಿಸಲು ಮೊದಲು ಅನುಮತಿ ಕೇಳಬೇಕು. ಅವಸರದಲ್ಲಿ ಬೇಡ ಅಂತ ಒತ್ತಿದರೆ ಆ ಆಪ್ ಬಾಯಿ ಬಿಡುವುದಿಲ್ಲ. ಬ್ಯಾಂಕ್ ಆಪ್, ಸ್ಕೂಲ್ ಆಪ್ ಇವುಗಳಲ್ಲಿ ಇದನ್ನು ತುಂಬಾ ನೋಡಿದ್ದೇನೆ.

ಆಪ್‌ನ ಒಳಗಿನ ಮ್ಯೂಟ್ ಕೊನೆಯ ತೂಬು. ವಾಟ್ಸಾಪ್ ಗ್ರೂಪನ್ನು 8 ಗಂಟೆ, 1 ವಾರ, ಇಲ್ಲಾ ಯಾವಾಗಲೂ ಅಂತ ಮ್ಯೂಟ್ ಮಾಡಬಹುದು. ಆರ್ಕೈವ್ ಮಾಡಿದ, ಅಂದರೆ ಪಟ್ಟಿಯಿಂದ ತೆಗೆದು ಪಕ್ಕಕ್ಕೆ ಇಟ್ಟ ಚಾಟ್ ಕೂಡ ಸದ್ದು ಮಾಡುವುದಿಲ್ಲ, ಕಣ್ಣಿಗೂ ಬೀಳುವುದಿಲ್ಲ. ಅಡತಿ ಅಂಗಡಿಯ ಚಾಟನ್ನು ಗೊತ್ತಿಲ್ಲದೆ ಆರ್ಕೈವ್ ಮಾಡಿಕೊಂಡು "ಅವ್ರು ನನ್ನ ಬ್ಲಾಕ್ ಮಾಡ್ಯಾರ" ಅಂತ ಒಬ್ಬ ಕಾಕಾ ಒಂದು ತಿಂಗಳು ಮಾತು ಬಿಟ್ಟಿದ್ದರು.

ತಡವಾಗಿ ಬಂದರೆ ಅದು ಬೇರೆ ರೋಗ

ಮಧ್ಯಾಹ್ನದ ಮೆಸೇಜು ಸಾಯಂಕಾಲ ಫೋನಿನ ಲಾಕ್ ತೆಗೆದ ಕೂಡಲೇ ಟಣ್ ಟಣ್ ಅಂತ ಒಟ್ಟಿಗೆ ಸುರಿದರೆ ಸದ್ದಿನ ಸೆಟ್ಟಿಂಗ್ ಹುಡುಕಬೇಡಿ. ಕಾಲುವೆಯ ಕೊನೆ ಭಾಗದ ರೈತರಿಗೆ ನೀರು ತಡವಾಗಿ ಬಂದ ಹಾಗೆ ಇದು. ಫೋನು ಸುಮ್ಮನೆ ಬಿದ್ದಿರುವಾಗ ಬ್ಯಾಟರಿ ಉಳಿಸಲು ಆಪುಗಳನ್ನು ಮಲಗಿಸುತ್ತದೆ. 2015ರ ಆಂಡ್ರಾಯ್ಡ್ 6 ರಲ್ಲಿ ಇದು ಶುರುವಾಯಿತು, ಅದರ ಮೇಲೆ ಕೆಲವು ಕಂಪನಿಗಳು ತಮ್ಮದೇ ಬಿಗಿ ಸೇರಿಸಿವೆ. ಬೇಕಾದ ಆಪ್‌ನ ಬ್ಯಾಟರಿ ಭಾಗಕ್ಕೆ ಹೋಗಿ ನಿರ್ಬಂಧ ತೆಗೆಯಿರಿ, ಆಟೋ ಸ್ಟಾರ್ಟ್ ಅಂತ ಇದ್ದರೆ ಆನ್ ಮಾಡಿ, ಡೇಟಾ ಸೇವರ್ ಆನ್ ಇದ್ದರೆ ಆಫ್ ಮಾಡಿ. ಫೋರ್ಸ್ ಸ್ಟಾಪ್ ಮಾಡಿದ ಆಪ್ ನೀವು ಮತ್ತೆ ತೆರೆಯುವವರೆಗೆ ಏನನ್ನೂ ಹೇಳುವುದಿಲ್ಲ, ಅದು ಕೆಟ್ಟದ್ದಲ್ಲ, ನೀವೇ ಬಾಯಿ ಮುಚ್ಚಿಸಿದ್ದು. ಎಲ್ಲಾ ಆಪಿನ ಬ್ಯಾಟರಿ ನಿರ್ಬಂಧವನ್ನೂ ತೆಗೆಯಬೇಡಿ. ಮಧ್ಯಾಹ್ನಕ್ಕೇ ಚಾರ್ಜರ್ ಹುಡುಕಬೇಕಾಗುತ್ತದೆ.

ಸೈಲೆಂಟ್ ಮಾಡಿದರೂ ಕಾಟ ನಿಂತಿಲ್ಲ

ಉಲ್ಟಾ ಕಂಪ್ಲೇಂಟು. ಇದರಲ್ಲಿ ಮೊದಲು ನೋಡಬೇಕಾದದ್ದು ಕಾಟ ಕೊಡುತ್ತಿರುವುದು ಯಾರು ಅಂತ. ನೋಟಿಫಿಕೇಶನ್ ಒತ್ತಿ ಹಿಡಿಯಿರಿ, ಯಾವ ಆಪ್ ಅಂತ ಹೆಸರು ಬರುತ್ತದೆ. ಕ್ರೋಮ್ ಅಂತ ಬಂದರೆ ನಗುಬರುತ್ತದೆ ನನಗೆ. ಯಾವುದೋ ರಿಸಲ್ಟ್ ನೋಡಲು, ಸಿನಿಮಾ ನೋಡಲು ಒಂದು ವೆಬ್‌ಸೈಟಿಗೆ ಹೋಗಿ, ಅಲ್ಲಿ ಬಂದ ಅಲೋ ಬಟನ್ ಒತ್ತಿರುತ್ತಾರೆ. ಅವತ್ತಿನಿಂದ "ನಿಮ್ಮ ಫೋನಿಗೆ ವೈರಸ್ ಬಂದಿದೆ" ಅಂತ ದಿನಾ ಹೆದರಿಸುತ್ತಾ ಇರುತ್ತದೆ. ವೈರಸ್ ಇಲ್ಲ, ಏನಿಲ್ಲ. ಕ್ರೋಮ್‌ನ ಸೈಟ್ ಸೆಟ್ಟಿಂಗ್ಸ್‌ನಲ್ಲಿ ನೋಟಿಫಿಕೇಶನ್ಸ್ ತೆರೆದು ಗುರುತಿಲ್ಲದ ಸೈಟುಗಳನ್ನೆಲ್ಲಾ ತೆಗೆದುಹಾಕಿ. ಆ ವೈರಸ್ ಮೆಸೇಜನ್ನು ಒತ್ತಿ ಇನ್ನೊಂದು "ಕ್ಲೀನರ್" ಆಪ್ ಹಾಕಿಕೊಳ್ಳಬೇಡಿ.

ಮ್ಯೂಟ್ ಮಾಡಿದ ಗ್ರೂಪಿನಿಂದಲೂ ಸದ್ದು ಬಂದರೆ ಯಾರೋ ನಿಮ್ಮ ಹೆಸರು ಹಿಡಿದು ಕರೆದಿದ್ದಾರೆ, ಇಲ್ಲಾ ನಿಮ್ಮ ಮೆಸೇಜಿಗೇ ಉತ್ತರ ಕೊಟ್ಟಿದ್ದಾರೆ. ಅದು ಹಾಗೇ ಇರುವುದು.

ಗುರುತಿಲ್ಲದ ನಂಬರುಗಳನ್ನು ಸೈಲೆಂಟ್ ಮಾಡುವ ಸೌಲಭ್ಯ ಐಫೋನಿನಲ್ಲಿ 2019 ರಿಂದ ಇದೆ, ವಾಟ್ಸಾಪ್ ಕರೆಗೆ 2023 ರಲ್ಲಿ ಬಂತು. ವಾಟ್ಸಾಪ್‌ದು ಧಾರಾಳವಾಗಿ ಆನ್ ಮಾಡಿ. ಮಾಮೂಲಿ ಕರೆಗೆ ಮಾತ್ರ ನಾನು ಬೇಡ ಅನ್ನುತ್ತೇನೆ. ಲೈನ್‌ಮನ್, ಪಾರ್ಸೆಲ್ ಹುಡುಗ, ಆಸ್ಪತ್ರೆಯಿಂದ ಯಾರದೋ ಫೋನಿನಲ್ಲಿ ಮಾಡುವ ನಮ್ಮವರು, ಇವರ್ಯಾರೂ ನಮ್ಮಲ್ಲಿ ಸೇವ್ ಆಗಿರುವುದಿಲ್ಲ. ಮಾರಾಟದ ಕರೆಗಳಿಗೆ 1909ಕ್ಕೆ ಫೋನ್ ಮಾಡಿ ಇಲ್ಲಾ ಸ್ಟಾರ್ಟ್ 0 ಅಂತ ಇಂಗ್ಲಿಷಿನಲ್ಲಿ ಎಸ್ಎಂಎಸ್ ಕಳಿಸಿ ನೋಂದಣಿ ಮಾಡಿಸಿ. 140 ಇಂದ ಶುರುವಾಗುವ ನಂಬರು ಅಂದರೆ ಮಾರಾಟದ್ದೇ, ಯೋಚನೆ ಇಲ್ಲದೆ ಬಿಟ್ಟುಬಿಡಿ.

ಸೈಲೆಂಟ್ ಇದ್ದರೂ ಜೋರಾಗಿ ಕಿರುಚುವುದು ಇನ್ನೊಂದಿದೆ, ಸರ್ಕಾರದ ತುರ್ತು ಎಚ್ಚರಿಕೆ. 2023 ರಲ್ಲಿ ಪರೀಕ್ಷೆಗೆ ಅಂತ ಕಳಿಸಿದಾಗ ಅಂಗಡಿಯಲ್ಲಿದ್ದ ರಿಪೇರಿ ಫೋನುಗಳೂ ಸೇರಿ ಒಟ್ಟಿಗೆ ಕೂಗಿದ್ದವು. ನಂಬರ್ ನೋಡಿ ಬರುವುದಲ್ಲ ಅದು, ಆ ಭಾಗದ ಟವರಿಗೆ ಸಿಕ್ಕ ಫೋನಿಗೆಲ್ಲಾ ಬರುತ್ತದೆ. ಇದನ್ನು ಆಫ್ ಮಾಡಿಕೊಡಿ ಅಂತ ಕೇಳಿಕೊಂಡು ಬರುತ್ತಾರೆ. ನಾನು ಮಾಡಿಕೊಡುವುದಿಲ್ಲ. ಹೊಳೆ ದಂಡೆಯ ಊರಿನವರಾದರಂತೂ ಇಲ್ಲ.

ಇಷ್ಟಾದ ಮೇಲೂ

ಎಲ್ಲಾ ತೂಬು ನೋಡಿ ಮುಗಿಯಿತು, ಸದ್ದಿಲ್ಲ. ಈಗ ಒಂದು ಹಾಡನ್ನು ಫುಲ್ ಸೌಂಡಿನಲ್ಲಿ ಹಾಕಿ. ಹಾಡು ಚೆನ್ನಾಗಿ ಬಂದರೆ ಯಾವುದೋ ಸೆಟ್ಟಿಂಗ್ ನಿಮ್ಮ ಕಣ್ಣು ತಪ್ಪಿಸಿದೆ, ಮತ್ತೆ ಮೇಲಿಂದ ನೋಡಿ. ಹಾಡೂ ಮಫ್ಲರ್ ಸುತ್ತಿದ ಹಾಗೆ ಬಂದರೆ ಕೆಳಗಿನ ಸ್ಪೀಕರ್ ಜಾಲರಿಯನ್ನು ಟಾರ್ಚ್ ಹಾಕಿ ನೋಡಿ. ಮಿಲ್ಲಿನಲ್ಲಿ ಕೆಲಸ ಮಾಡುವವರ ಫೋನಿನಲ್ಲಿ ಅಲ್ಲಿ ತೌಡು ಕೂತು ಬೆವರಿಗೆ ಗಟ್ಟಿಯಾಗಿರುತ್ತದೆ. ಸೂಜಿ ಹಾಕಬೇಡಿ, ಒಳಗಿನ ಪರದೆ ಹರಿಯುತ್ತದೆ. ಒಣಗಿದ ಮೆತ್ತನೆಯ ಹಲ್ಲುಜ್ಜುವ ಬ್ರಷ್ಷಿನಿಂದ, ಫೋನನ್ನು ಕೆಳಮುಖ ಹಿಡಿದು ಮೆಲ್ಲಗೆ ಉಜ್ಜಿ. ಅದಕ್ಕೂ ಬಗ್ಗದಿದ್ದರೆ ತೊಗೊಂಡು ಬನ್ನಿ, ಆಗ ದುಡ್ಡು ಕೇಳೋಕೆ ನನಗೆ ನಾಚಿಕೆ ಇಲ್ಲ.